ಅಪ್ಪನ ಮನೆಯ ಆದಾಯವೋ, ಗಂಡನ ಮನೆಯ ಆದಾಯವೋ?

ನನ್ನ ಚಿಕ್ಕಮ್ಮನ ಮಗಳ ಬಳಿ ಒಂದು ನೀಲಿ ಪ್ಲಾಸ್ಟಿಕ್ ಫೈಲ್ ಇದೆ. ಮೊದಲ ಹಾಳೆ ಎಸ್ಸೆಸ್ಸೆಲ್ಸಿ ಅಂಕಪಟ್ಟಿ, ಅದರ ಹಿಂದೆ ಪಿಯುಸಿ, ಪದವಿ, ಬಿ.ಇಡಿ., ಟಿಇಟಿ, ಆಮೇಲೆ ಗ್ರಾಮೀಣ ಮತ್ತು ಕನ್ನಡ ಮಾಧ್ಯಮದ ಪ್ರಮಾಣಪತ್ರಗಳು. ಎಲ್ಲಕ್ಕೂ ಕೊನೆಯಲ್ಲಿ, ಒಂದೇ ಕವರಿನೊಳಗೆ ಬೆನ್ನಿಗೆ ಬೆನ್ನು ಹಚ್ಚಿ ಇಟ್ಟಿರುವ ಎರಡು ಜಾತಿ ಮತ್ತು ಆದಾಯ ಪ್ರಮಾಣಪತ್ರಗಳಿವೆ. ಎರಡರಲ್ಲೂ ಅವಳದೇ ಹೆಸರು, ಎರಡರಲ್ಲೂ ಅದೇ ಜಾತಿ, ಹಿಂದುಳಿದ ವರ್ಗಗಳ ಪಟ್ಟಿಯ ಅದೇ ಪ್ರವರ್ಗ 2ಎ. ಒಂದರಲ್ಲಿ ಗಜೇಂದ್ರಗಡದಲ್ಲಿ ಮಗ್ಗ ನಡೆಸುವ ಅವಳ ಅಪ್ಪನ ಆದಾಯ ನಮೂದಾಗಿದೆ, ಇನ್ನೊಂದರಲ್ಲಿ ಹುಬ್ಬಳ್ಳಿಯಲ್ಲಿ ಗುಮಾಸ್ತನಾಗಿರುವ ಅವಳ ಗಂಡನ ಆದಾಯ. ಎರಡೂ 8 ಲಕ್ಷ ರೂಪಾಯಿಯ ಕೆನೆಪದರದ ಮಿತಿಯ, ಅಂದರೆ ಹಿಂದುಳಿದ ವರ್ಗದೊಳಗೇ ಮುಂದುವರಿದವರನ್ನು ಮೀಸಲಾತಿಯಿಂದ ಹೊರಗಿಡುವ ಗಡಿಯ, ಹತ್ತಿರಕ್ಕೂ ಬರುವುದಿಲ್ಲ. ಅಂದರೆ ಯಾವ ಮನೆಯ ಲೆಕ್ಕ ಹಿಡಿದರೂ ಅವಳು 2ಎ ಮೀಸಲಾತಿಗೆ ಅರ್ಹಳೇ. ಆದರೆ 2022ರಲ್ಲಿ ಪದವೀಧರ ಪ್ರಾಥಮಿಕ ಶಾಲಾ ಶಿಕ್ಷಕರ ನೇಮಕಾತಿಗೆ ಅರ್ಜಿ ಹಾಕುವಾಗ ಅವಳ ಬಳಿ ಇದ್ದದ್ದು ಅಪ್ಪನ ಆದಾಯದ ಪ್ರಮಾಣಪತ್ರ ಮಾತ್ರ. ಆ ಒಂದು ಹಾಳೆಯ ಕಾರಣದಿಂದ ಅವಳ ಹೆಸರು 2ಎ ಪಟ್ಟಿಯಿಂದ ಹೊರಬಿದ್ದು ಸಾಮಾನ್ಯ ಅರ್ಹತೆಯ ಪಟ್ಟಿಗೆ ಹೋಯಿತು, ಮತ್ತು ಅಲ್ಲಿಯ ಕಟ್ ಆಫ್‌ಗೆ ಅವಳ ಅಂಕಗಳು ಸಾಲದೆ ಹೋದವು.

ಮೀಸಲಾತಿಯ ವ್ಯಾಜ್ಯ ಎಂದ ಕೂಡಲೇ ನಮಗೆ ನೆನಪಾಗುವುದು ದೊಡ್ಡ ಪ್ರಶ್ನೆಗಳು. ಮೀಸಲಾತಿ ಇರಬೇಕೇ, ಎಷ್ಟಿರಬೇಕು, ಶೇಕಡಾ 50ರ ಗಡಿ ದಾಟಬಹುದೇ ಎಂಬ ಚರ್ಚೆಗಳು ಪತ್ರಿಕೆಗಳಲ್ಲಿ ಬೇಕಾದಷ್ಟು ನಡೆದಿವೆ. ಆದರೆ ಧಾರವಾಡದ ಸಪ್ತಾಪುರದ ಓದುವ ಕೊಠಡಿಗಳಲ್ಲಿ ಕೂತು ವರ್ಷಗಟ್ಟಲೆ ಓದುವವರ ಬದುಕನ್ನು ನಿಲ್ಲಿಸಿಬಿಡುವ ಮೊಕದ್ದಮೆಗಳಲ್ಲಿ ಬಹುಪಾಲು ಇಂಥ ದೊಡ್ಡ ಪ್ರಶ್ನೆಗಳ ಮೇಲೆ ಹುಟ್ಟಿದವಲ್ಲ. ಅಧಿಸೂಚನೆಯಲ್ಲಿ ಒಂದು ಸಾಲು ಅಸ್ಪಷ್ಟವಾಗಿ ಉಳಿದಿರುತ್ತದೆ, ಯಾವ ಹುದ್ದೆ ಯಾವ ಪ್ರವರ್ಗಕ್ಕೆ ಎಂದು ಸರದಿ ಹೇಳುವ ರೋಸ್ಟರ್ ಬಿಂದುವಿನ ಲೆಕ್ಕ ಒಂದು ಕಡೆ ತಪ್ಪಿರುತ್ತದೆ, ಒಂದು ಪ್ರಮಾಣಪತ್ರವನ್ನು ಯಾವ ನಮೂನೆಯಲ್ಲಿ ಯಾರ ಹೆಸರಿನಲ್ಲಿ ತರಬೇಕೆಂಬುದನ್ನು ಅರ್ಜಿ ತುಂಬಿದ ಮೇಲೆ ತೀರ್ಮಾನಿಸಲಾಗಿರುತ್ತದೆ. ಮೀಸಲಾತಿಯ ತತ್ವವನ್ನು ಒಪ್ಪಿದವರೇ ಎರಡೂ ಕಡೆ ನಿಂತು ಹೋರಾಡುವ ಈ ವ್ಯಾಜ್ಯಗಳ ಬಗ್ಗೆ, ಅದರಲ್ಲೂ ನಮ್ಮ ಮನೆಯೊಳಗೇ ಬಂದು ಕೂತ ಈ ಒಂದು ವ್ಯಾಜ್ಯದ ಬಗ್ಗೆ, ನನಗೆ ತಿಳಿದಷ್ಟನ್ನು ಇಲ್ಲಿ ಬರೆದಿಡುತ್ತಿದ್ದೇನೆ.

ಮೊದಲು ಲೆಕ್ಕದ ಚೌಕಟ್ಟನ್ನು ಹೇಳಬೇಕು. ಕರ್ನಾಟಕದಲ್ಲಿ ಬಹುಕಾಲ ಪರಿಶಿಷ್ಟ ಜಾತಿಗೆ ಶೇಕಡಾ 15, ಪರಿಶಿಷ್ಟ ಪಂಗಡಕ್ಕೆ 3, ಪ್ರವರ್ಗ 1ಕ್ಕೆ 4, 2ಎಗೆ 15, 2ಬಿಗೆ 4, 3ಎಗೆ 4, 3ಬಿಗೆ 5, ಒಟ್ಟು ಸರಿಯಾಗಿ 50 ಎಂಬ ಹಂಚಿಕೆ ನಡೆದುಕೊಂಡು ಬಂದಿತ್ತು. 2022ರಲ್ಲಿ ಪರಿಶಿಷ್ಟ ಜಾತಿಯ ಪಾಲು 17ಕ್ಕೂ ಪಂಗಡದ ಪಾಲು 7ಕ್ಕೂ ಏರಿದ್ದರಿಂದ ಮೊತ್ತ 56 ಆಯಿತು, ಅದೂ ಈಗ ನ್ಯಾಯಾಲಯದ ಮುಂದಿದೆ. ಇದು ಲಂಬವಾದ ಹಂಚಿಕೆ. ಇದರ ಮೇಲೆ ಅಡ್ಡಲಾಗಿ ಇನ್ನೊಂದು ಹಂಚಿಕೆ ಬರುತ್ತದೆ. ಪ್ರತಿಯೊಂದು ಪ್ರವರ್ಗದೊಳಗೂ ಮಹಿಳೆಯರಿಗೆ ಶೇಕಡಾ 33, ಗ್ರಾಮೀಣ ಅಭ್ಯರ್ಥಿಗಳಿಗೆ 25, ಕನ್ನಡ ಮಾಧ್ಯಮದಲ್ಲಿ ಓದಿದವರಿಗೆ 5, ಅಲ್ಲದೆ ಮಾಜಿ ಸೈನಿಕರು, ಅಂಗವಿಕಲರು, ಯೋಜನಾ ನಿರಾಶ್ರಿತರು, 2021ರಿಂದ ಈಚೆಗೆ ತೃತೀಯ ಲಿಂಗಿಗಳಿಗೆ ಶೇಕಡಾ 1. ಇದನ್ನು ಸಮತಳ ಮೀಸಲಾತಿ ಎನ್ನುತ್ತಾರೆ. ಶಿಕ್ಷಕರ ನೇಮಕಾತಿ ಜಿಲ್ಲಾವಾರು, ವಿಷಯವಾರು ನಡೆಯುತ್ತದೆ. ಹೀಗಾಗಿ ಒಂದು ಜಿಲ್ಲೆಯ ಒಂದು ವಿಷಯದ ಕೆಲವೇ ಹುದ್ದೆಗಳು ಲೆಕ್ಕದ ಪಟ್ಟಿಯ ಇಷ್ಟೂ ಮನೆಗಳಲ್ಲಿ ಹಂಚಿಹೋಗಿ, ಎಷ್ಟೋ ಮನೆಗಳಲ್ಲಿ ಒಂದೇ ಒಂದು ಹುದ್ದೆ ಉಳಿಯುತ್ತದೆ. ಒಬ್ಬ ಅಭ್ಯರ್ಥಿಯನ್ನು ಒಂದು ಮನೆಯಿಂದ ಎತ್ತಿ ಇನ್ನೊಂದರಲ್ಲಿ ಇಟ್ಟರೆ ಅಲ್ಲಿದ್ದವನೊಬ್ಬ ಕೆಳಗೆ ಜಾರುತ್ತಾನೆ, ಅವನು ಜಾರಿದ ಕಡೆ ಮತ್ತೊಬ್ಬ ಅಲುಗಾಡುತ್ತಾನೆ. ಒಂದು ಪ್ರಮಾಣಪತ್ರದ ಪ್ರಶ್ನೆ ಇಡೀ ಪಟ್ಟಿಯ ಪ್ರಶ್ನೆಯಾಗುವುದು ಹೀಗೆ.

2022ರ ಮಾರ್ಚ್‌ನಲ್ಲಿ ಆರರಿಂದ ಎಂಟನೇ ತರಗತಿಗಳಿಗೆ 15,000 ಪದವೀಧರ ಶಿಕ್ಷಕರನ್ನು ತೆಗೆದುಕೊಳ್ಳುವ ಅಧಿಸೂಚನೆ ಬಂದಾಗ ನಮ್ಮ ಕಡೆಯ ಊರುಗಳಲ್ಲಿ ಹಬ್ಬದ ಸಂಭ್ರಮವಿತ್ತು. ಅಷ್ಟು ದೊಡ್ಡ ಸಂಖ್ಯೆಯ ಶಿಕ್ಷಕ ಹುದ್ದೆಗಳು ಒಟ್ಟಿಗೆ ಬರುವುದು ಅಪರೂಪ. ಅರ್ಜಿ ತುಂಬಲು ತಂಗಿ ನನ್ನ ಮನೆಗೆ ಬಂದಿದ್ದಳು. ಮೊಬೈಲಿನಲ್ಲಿ ಒಂದೊಂದೇ ಕಾಲಂ ತುಂಬುತ್ತಾ ಜಾತಿ-ಆದಾಯದ ಆರ್‌ಡಿ ನಂಬರ್ (ಪ್ರಮಾಣಪತ್ರದ ಮೇಲಿನ ಸಂಖ್ಯೆ) ಕೇಳುವ ಜಾಗಕ್ಕೆ ಬಂದಾಗ ಅವಳು ತಲೆಯೆತ್ತಿ, "ಅಕ್ಕಾ, ಅಪ್ಪಂದು ಹಾಕ್ಲೇನ, ಅವರದು ಮಾಡಿಸ್ಲೇನ?" ಎಂದು ಕೇಳಿದಳು. ನಾನು ಶಿಕ್ಷಕಿ, ಹದಿನಾಲ್ಕು ವರ್ಷದ ಹಿಂದೆ ಇಂಥದ್ದೇ ಅರ್ಜಿ ತುಂಬಿ ಕೆಲಸಕ್ಕೆ ಸೇರಿದವಳು. ನನ್ನ ಅರ್ಜಿಗೆ ನನ್ನ ಅಪ್ಪನದನ್ನೇ ಹಾಕಿದ್ದೆ, ಆಗ ನನಗೆ ಮದುವೆಯಾಗಿರಲಿಲ್ಲ. ಅಂಕಪಟ್ಟಿಯಲ್ಲಿ ಅಪ್ಪನ ಹೆಸರು, ವರ್ಗಾವಣೆ ಪತ್ರದಲ್ಲಿ ಅಪ್ಪನ ಜಾತಿ, ಗ್ರಾಮೀಣ ಪ್ರಮಾಣಪತ್ರದಲ್ಲಿ ಅಪ್ಪನ ಊರು. ಎಲ್ಲ ದಾಖಲೆಯೂ ಆ ಮನೆಯದಾಗಿರುವಾಗ ಇದೊಂದನ್ನು ಬೇರೆ ಮನೆಯಿಂದ ಏಕೆ ತರಬೇಕು ಎಂದು ನನಗೆ ಅನ್ನಿಸಿತು. ಅಧಿಸೂಚನೆಯ ಆ ಭಾಗವನ್ನು ನಾವಿಬ್ಬರೂ ಎರಡು ಸಲ ಓದಿದೆವು. ನಮಗೆ ಕಂಡಂತೆ ಅದನ್ನು ಹೇಗೂ ಓದಬಹುದಿತ್ತು. "ಅಪ್ಪಂದೇ ಹಾಕು" ಎಂದು ಹೇಳಿದವಳು ನಾನು. ಆ ಮಾತನ್ನು ಅವಳು ಇವತ್ತಿಗೂ ಎತ್ತಿ ಆಡಿಲ್ಲ. ಆದರೆ ಅದು ನನ್ನ ಎದೆಯಲ್ಲಿ ಹಾಗೇ ಕೂತಿದೆ.

ಆ ವರ್ಷದ ನವೆಂಬರ್ 18ರಂದು ತಾತ್ಕಾಲಿಕ ಆಯ್ಕೆ ಪಟ್ಟಿ ಹೊರಬಂತು. ತಂದೆಯ ಆದಾಯದ ಪ್ರಮಾಣಪತ್ರ ಕೊಟ್ಟಿದ್ದ ವಿವಾಹಿತ ಮಹಿಳೆಯರನ್ನು, ಪತಿಯ ಆದಾಯದ ಪತ್ರ ಕೊಟ್ಟಿಲ್ಲವೆಂಬ ಕಾರಣಕ್ಕೆ, ಹಿಂದುಳಿದ ವರ್ಗದ ಪಟ್ಟಿಯಲ್ಲಿ ಪರಿಗಣಿಸದೆ ಸಾಮಾನ್ಯ ಅರ್ಹತೆಯಲ್ಲಿ ಸೇರಿಸಲಾಗಿತ್ತು. ನಮ್ಮ ತಂಗಿಯಂಥವರು ಹಲವರಿದ್ದರು. ಒಂದಷ್ಟು ಮಂದಿ ಸೇರಿ ಹೈಕೋರ್ಟಿಗೆ ಹೋದರು. 2023ರ ಜನವರಿ 30ರಂದು ಏಕಸದಸ್ಯ ಪೀಠ ಆ ಪಟ್ಟಿಯನ್ನು ರದ್ದುಪಡಿಸಿ, ತಂದೆ ತಾಯಿಯ ಜಾತಿ-ಆದಾಯ ಪ್ರಮಾಣಪತ್ರದ ಆಧಾರದ ಮೇಲೆಯೇ ಇವರನ್ನು ಹಿಂದುಳಿದ ವರ್ಗದಲ್ಲಿ ಪರಿಗಣಿಸಬೇಕೆಂದು ಹೇಳಿತು. ಅಂದು ಸಂಜೆ ಚಿಕ್ಕಮ್ಮ ಪೇಡೆ ತರಿಸಿ ಓಣಿಗೆಲ್ಲ ಹಂಚಿದ್ದರು. ಮಾರ್ಚ್ 8ರಂದು 13 ಸಾವಿರಕ್ಕೂ ಹೆಚ್ಚು ಹೆಸರುಗಳಿದ್ದ ಪರಿಷ್ಕೃತ ಪಟ್ಟಿ ಬಂತು. ಆದರೆ ಪಟ್ಟಿ ಬದಲಾದರೆ ಯಾರೋ ಕೆಳಗಿಳಿಯಲೇಬೇಕಲ್ಲ. ಮೊದಲ ಪಟ್ಟಿಯಲ್ಲಿದ್ದು ಎರಡನೆಯದರಲ್ಲಿ ಇಲ್ಲದಂತಾದವರು ಮೇಲ್ಮನವಿ ಹೋದರು. ಅವರಲ್ಲಿ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಇದ್ದಾನೆ. ಕುರಿ ಕಾಯುವ ಮನೆಯ ಹುಡುಗ, ಅವನದೂ 2ಎ. ಮೊದಲ ಪಟ್ಟಿಯ ದಿನ ಅವನ ಊರಿನವರು ಅವನಿಗೆ ಹಾರ ಹಾಕಿ ಮೆರವಣಿಗೆ ಮಾಡಿದ್ದ ಫೋಟೊವನ್ನು ನನಗೆ ಕಳಿಸಿದ್ದ. ಎರಡನೆಯ ಪಟ್ಟಿ ಬಂದ ಮೇಲೆ ಅವನು ಮೂರು ತಿಂಗಳು ಊರಿಗೆ ಹೋಗಲಿಲ್ಲ.

ಅವನ ಮುಖ ನೆನಪಾದಾಗಲೆಲ್ಲ ತಂಗಿಯ ಪರವಾಗಿ ಪೂರ್ತಿ ಮಾತಾಡಲು ನನಗೆ ನಾಲಿಗೆ ಏಳುವುದಿಲ್ಲ. ಅವನು ಮಾಡಿದ ತಪ್ಪೇನು? ಕೇಳಿದ ಕಾಗದವನ್ನೆಲ್ಲ ಕೊಟ್ಟ, ಪರೀಕ್ಷೆ ಬರೆದ, ಸರ್ಕಾರವೇ ಹೊರಡಿಸಿದ ಪಟ್ಟಿಯಲ್ಲಿ ತನ್ನ ಹೆಸರು ನೋಡಿ ನಂಬಿದ. ಇಬ್ಬರೂ ಒಂದೇ ಪ್ರವರ್ಗದವರು, ಇಬ್ಬರೂ ತಮ್ಮ ಮನೆಯಲ್ಲಿ ಮೊದಲ ಪದವೀಧರರು. ಒಬ್ಬರ ನ್ಯಾಯ ಇನ್ನೊಬ್ಬರ ಅನ್ಯಾಯವಾಗುವಂತೆ ಅವರಿಬ್ಬರನ್ನು ಎದುರು ಬದುರು ನಿಲ್ಲಿಸಿದ್ದು ಅರ್ಜಿ ಕರೆಯುವ ಮುನ್ನವೇ ಬರೆಯಬಹುದಾಗಿದ್ದ ಒಂದು ಸಾಲು.

ಹಾಗಾದರೆ ಕಾನೂನಿನ ದೃಷ್ಟಿಯಲ್ಲಿ ಯಾವುದು ಸರಿ? ಜಾತಿಯ ಮಟ್ಟಿಗೆ ಉತ್ತರ ಸ್ಪಷ್ಟವಾಗಿದೆ. ಜಾತಿ ಹುಟ್ಟಿನಿಂದ ಬರುತ್ತದೆ, ಮದುವೆಯಿಂದ ಬದಲಾಗುವುದಿಲ್ಲ ಎಂಬುದನ್ನು ಸುಪ್ರೀಂ ಕೋರ್ಟ್ 2018ರ ಸುನೀತಾ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಮುಂದುವರಿದ ಜಾತಿಯಲ್ಲಿ ಹುಟ್ಟಿದ ಹೆಣ್ಣುಮಗಳು ಹಿಂದುಳಿದ ಜಾತಿಯ ಗಂಡನನ್ನು ಮದುವೆಯಾದರೆ ಆಕೆಗೆ ಮೀಸಲಾತಿ ಸಿಗುವುದಿಲ್ಲ, ಏಕೆಂದರೆ ಹಿಂದುಳಿದ ಬಾಲ್ಯವನ್ನು ಆಕೆ ಅನುಭವಿಸಿಲ್ಲ ಎಂಬುದು 1996ರ ವಲ್ಸಮ್ಮ ಪಾಲ್ ತೀರ್ಪಿನ ತರ್ಕ. ಆದಾಯದ ವಿಷಯ ಮಾತ್ರ ತೊಡಕಿನದು. ಕೆನೆಪದರವನ್ನು ಹೊರಗಿಡಬೇಕೆಂದು 1992ರ ನವೆಂಬರ್ 16ರ ಇಂದ್ರಾ ಸಾಹ್ನಿ ತೀರ್ಪು ಹೇಳಿದ ಮೇಲೆ ಕೇಂದ್ರ ಸರ್ಕಾರ 1993ರ ಸೆಪ್ಟೆಂಬರ್‌ನಲ್ಲಿ ರೂಪಿಸಿದ ನಿಯಮದಲ್ಲಿ ಅಭ್ಯರ್ಥಿಯ ತಂದೆ ತಾಯಿಯ ಸ್ಥಾನಮಾನವನ್ನೇ ಅಳತೆಗೋಲಾಗಿ ಇಟ್ಟುಕೊಂಡಿತು, ಗಂಡನ ಆದಾಯವನ್ನು ಅದು ಲೆಕ್ಕಕ್ಕೆ ಹಿಡಿಯುವುದಿಲ್ಲ. ನಮ್ಮಲ್ಲಿ ಮಾತ್ರ ಹೆಣ್ಣುಮಗಳು ಈಗ ಯಾವ ಕುಟುಂಬದ ಸದಸ್ಯೆಯೋ ಆ ಕುಟುಂಬದ ಆದಾಯ ನೋಡಬೇಕೆಂಬ ವಾದ ಕಚೇರಿಗಳಲ್ಲಿ ಬಲವಾಗಿದೆ. ಆ ವಾದವನ್ನು ಸಾರಾಸಗಟಾಗಿ ತಳ್ಳಿಹಾಕಲು ನಾನು ಸಿದ್ಧಳಿಲ್ಲ. ಲಕ್ಷಾಂತರ ರೂಪಾಯಿ ಸಂಬಳದ ಗಂಡನಿರುವಾಗ ಬಡ ಅಪ್ಪನ ಆದಾಯ ತೋರಿಸಿ ಹುದ್ದೆ ಪಡೆಯುವುದು ಸರಿಯೇ ಎಂದು ಕೇಳುವವರ ಪ್ರಶ್ನೆಯಲ್ಲಿ ಹುರುಳಿದೆ.

ಆದರೂ ನನ್ನ ಅಭಿಪ್ರಾಯ ತಂದೆ ತಾಯಿಯ ಕಡೆಗೇ ವಾಲುತ್ತದೆ. ಹಿಂದುಳಿದ ವರ್ಗದ ಮೀಸಲಾತಿ ಇಂದಿನ ಬಡತನಕ್ಕೆ ಕೊಡುವ ಪರಿಹಾರಧನವಲ್ಲ. ಹುಡುಗಿ ಒಂದನೇ ತರಗತಿಯಿಂದ ಪದವಿಯವರೆಗೆ ಯಾವ ಮನೆಯಲ್ಲಿ ಬೆಳೆದಳು, ಮಗ್ಗದ ಸದ್ದಿನ ಪಕ್ಕದಲ್ಲಿ ಕೂತು ಓದಿದಳೋ, ಓದಿಸುವವರಿಲ್ಲದೆ ಒಬ್ಬಳೇ ತಡಕಾಡಿದಳೋ ಎಂಬುದರ ಲೆಕ್ಕ ಅದು. ಇಪ್ಪತ್ತಾರನೆಯ ವಯಸ್ಸಿಗೆ ಮದುವೆಯಾದ ಮಾತ್ರಕ್ಕೆ ಆ ಇಪ್ಪತ್ತಾರು ವರ್ಷಗಳು ಅಳಿಸಿಹೋಗುವುದಿಲ್ಲ. ಇದಕ್ಕಿಂತ ಹೆಚ್ಚಾಗಿ, ಮದುವೆಯಾದ ಗಂಡಸಿಗೆ ಅವನ ಹೆಂಡತಿಯ ಅಪ್ಪನ ಮನೆಯ ಆದಾಯವನ್ನು ಯಾವ ಕಚೇರಿಯೂ ಕೇಳಿದ್ದನ್ನು ನಾನು ಕಂಡಿಲ್ಲ. ನನ್ನ ವಿದ್ಯಾರ್ಥಿಗೂ ಮದುವೆಯಾಗಿತ್ತು, ಅವನು ಕೊಟ್ಟದ್ದು ತನ್ನ ಅಪ್ಪನ ಮನೆಯ ಪ್ರಮಾಣಪತ್ರವನ್ನೇ. ಅವನ ಅರ್ಜಿಯಲ್ಲಿ ಯಾವ ಪ್ರಶ್ನೆಯೂ ಏಳಲಿಲ್ಲ.

ಮುಂದಿನ ಕಥೆ ನಡೆದದ್ದು ಬೇರೆಯೇ ದಿಕ್ಕಿನಲ್ಲಿ. 2023ರ ಅಕ್ಟೋಬರ್‌ನಲ್ಲಿ ಹೈಕೋರ್ಟಿನದೇ ದ್ವಿಸದಸ್ಯ ವಿಭಾಗೀಯ ಪೀಠ ಏಕಸದಸ್ಯ ಪೀಠದ ತೀರ್ಪನ್ನು ತಳ್ಳಿಹಾಕಿತು. ನೇಮಕಾತಿಯ ಈ ತಕರಾರನ್ನು ಮೊದಲು ಕೇಳಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ನೇರವಾಗಿ ಹೈಕೋರ್ಟಿಗೆ ಬರುವಂತಿಲ್ಲ ಎಂಬುದು ಅದರ ಕಾರಣ. 1997ರ ಎಲ್. ಚಂದ್ರಕುಮಾರ್ ತೀರ್ಪಿನಿಂದ ಈಚೆಗೆ ಕಾನೂನು ಇರುವುದೇ ಹಾಗೆ: ಸೇವಾ ವಿಷಯಗಳಲ್ಲಿ ನ್ಯಾಯಮಂಡಳಿಯೇ ಮೊದಲ ಮೆಟ್ಟಿಲು, ಅದರ ತೀರ್ಪಿನ ಮೇಲೆ ಹೈಕೋರ್ಟಿನ ಪರಿಶೀಲನೆ. ಪ್ರಕರಣ ದೆಹಲಿಗೆ ಹೋಯಿತು. 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ವಿಭಾಗೀಯ ಪೀಠದ ನಿಲುವನ್ನೇ ಎತ್ತಿಹಿಡಿಯಿತು. ಕಾನೂನಿನ ಕ್ರಮವಾಗಿ ಇದನ್ನು ತಪ್ಪೆನ್ನಲಾರೆ. ರಾಜ್ಯದ ಪ್ರತಿಯೊಂದು ನೇಮಕಾತಿ ವ್ಯಾಜ್ಯವೂ ಹೈಕೋರ್ಟಿಗೇ ಬಂದರೆ ಅಲ್ಲಿ ಉಸಿರಾಡಲು ಜಾಗವಿರುವುದಿಲ್ಲ, ಅದಕ್ಕೆಂದೇ ಬೆಂಗಳೂರಿನ ಜೊತೆಗೆ ಬೆಳಗಾವಿ, ಕಲಬುರಗಿಗಳಲ್ಲೂ ನ್ಯಾಯಮಂಡಳಿಯ ಪೀಠಗಳಿವೆ. ಆದರೆ ಅರ್ಜಿ ಹಾಕಿದ ಹೆಣ್ಣುಮಕ್ಕಳಿಗೆ ಅದು ಹೇಗೆ ಕಂಡಿರಬೇಕು? ಮೂರೂವರೆ ವರ್ಷ ಕಳೆದ ಮೇಲೆ ಅವರಿಗೆ ಸಿಕ್ಕಿದ ಉತ್ತರ ಯಾವ ಬಾಗಿಲು ತಟ್ಟಬೇಕಿತ್ತು ಎಂಬುದಕ್ಕೆ. ಅಪ್ಪನ ಮನೆಯೋ ಗಂಡನ ಮನೆಯೋ ಎಂಬ ಮೂಲ ಪ್ರಶ್ನೆ ಎಲ್ಲಿತ್ತೋ ಅಲ್ಲೇ ಉಳಿಯಿತು. ತಂಗಿ ಆ ತೀರ್ಪಿನ ಸುದ್ದಿಯನ್ನು ಶಾಲೆಯ ಮಧ್ಯಾಹ್ನದ ಬಿಸಿಯೂಟದ ಹೊತ್ತಿನಲ್ಲಿ ಓದಿದಳಂತೆ. ಈ ವರ್ಷಗಳಲ್ಲಿ ಅವಳು ಸರ್ಕಾರಿ ಶಾಲೆಯೊಂದರಲ್ಲಿ ಅತಿಥಿ ಶಿಕ್ಷಕಿ. 2023ರಲ್ಲಿ ತಿಂಗಳಿಗೆ 10,000 ರೂಪಾಯಿ ಗೌರವಧನ, ಅದೂ ಎರಡು ಮೂರು ತಿಂಗಳಿಗೊಮ್ಮೆ. ಯಾವ ಹುದ್ದೆಗೆ ಅವಳು ಅರ್ಹಳೋ ಅಲ್ಲವೋ ಎಂಬ ವಾದ ನಡೆಯುತ್ತಿದೆಯೋ ಅದೇ ಹುದ್ದೆಯ ಕೆಲಸವನ್ನು, ಅದೇ ಏಳನೇ ತರಗತಿಯ ಗಣಿತವನ್ನು, ಅವಳು ದಿನವೂ ಮಾಡುತ್ತಿದ್ದಾಳೆ.

ನಮ್ಮ ನಾಡಿಗೆ ಈ ಬಗೆಯ ವ್ಯಾಜ್ಯ ಹೊಸದೇನಲ್ಲ. ನಾಲ್ವಡಿ ಕೃಷ್ಣರಾಜ ಒಡೆಯರು ಸರ್ಕಾರಿ ಕೆಲಸಗಳಲ್ಲಿ ಹಿಂದುಳಿದವರಿಗೆ ಪಾಲು ಕೊಡುವ ವಿಷಯಕ್ಕಾಗಿ ಲೆಸ್ಲಿ ಮಿಲ್ಲರ್ ಸಮಿತಿಯನ್ನು ನೇಮಿಸಿದ್ದು 1918ರಲ್ಲಿ. ದಿವಾನರಾಗಿದ್ದ ವಿಶ್ವೇಶ್ವರಯ್ಯನವರು ಅದೇ ವಿಷಯದಲ್ಲಿ ಭಿನ್ನಾಭಿಪ್ರಾಯ ಹೊಂದಿ ಅಧಿಕಾರದಿಂದ ಹೊರನಡೆದರು. 1962ರ ಜುಲೈನಲ್ಲಿ ಮೈಸೂರು ಸರ್ಕಾರ ವೈದ್ಯಕೀಯ ಮತ್ತು ಎಂಜಿನಿಯರಿಂಗ್ ಕಾಲೇಜುಗಳಲ್ಲಿ ಶೇಕಡಾ 68 ಸೀಟುಗಳನ್ನು ಕಾಯ್ದಿರಿಸಿ ಹೊರಡಿಸಿದ ಆದೇಶವೇ ಎಂ.ಆರ್. ಬಾಲಾಜಿ ಪ್ರಕರಣವಾಗಿ ಸುಪ್ರೀಂ ಕೋರ್ಟಿಗೆ ಹೋಗಿ, ದೇಶದಲ್ಲಿ ಇಂದಿಗೂ ಚರ್ಚೆಯಾಗುವ 50ರ ಗಡಿಗೆ ಮೂಲವಾಯಿತು. ಆ ಮೊಕದ್ದಮೆ ತೋರಿಸಿಕೊಟ್ಟ ಕೊರತೆಯನ್ನು ತುಂಬಲೆಂದೇ ಎನ್ನುವಂತೆ ದೇವರಾಜ ಅರಸು ಅವರ ಕಾಲದಲ್ಲಿ ಹಾವನೂರು ಆಯೋಗ ಮನೆಮನೆಯ ಅಂಕಿ ಅಂಶಗಳ ಮೇಲೆ ನಿಂತ ವರದಿಯನ್ನು 1975ರಲ್ಲಿ ಕೊಟ್ಟಿತು. ಅಂಕಿ ಅಂಶ ಇದ್ದಾಗ ಏನಾಗುತ್ತದೆ ಎಂಬುದಕ್ಕೆ ಬಡ್ತಿಯ ವಿಷಯದಲ್ಲಿ ಇನ್ನೂ ಹತ್ತಿರದ ಉದಾಹರಣೆಯಿದೆ. ಪರಿಶಿಷ್ಟ ನೌಕರರ ಬಡ್ತಿಯ ಜ್ಯೇಷ್ಠತೆಯನ್ನು ಕಾಪಾಡುವ ಕರ್ನಾಟಕದ 2002ರ ಕಾಯ್ದೆಯ ಮುಖ್ಯ ಭಾಗಗಳನ್ನು, ಪ್ರಾತಿನಿಧ್ಯದ ಕೊರತೆಯ ಬಗ್ಗೆ ಸರ್ಕಾರ ಅಧ್ಯಯನವನ್ನೇ ಮಾಡಿಲ್ಲವೆಂಬ ಕಾರಣಕ್ಕೆ, 2017ರ ಫೆಬ್ರುವರಿಯಲ್ಲಿ ಬಿ.ಕೆ. ಪವಿತ್ರ ಪ್ರಕರಣದಲ್ಲಿ ರದ್ದುಪಡಿಸಲಾಯಿತು. ಆಗ ರತ್ನಪ್ರಭಾ ಸಮಿತಿ ಇಲಾಖಾವಾರು ಲೆಕ್ಕ ಕಲೆಹಾಕಿತು, 2018ರಲ್ಲಿ ಹೊಸ ಕಾಯ್ದೆ ಬಂತು, 2019ರ ಮೇ 10ರಂದು ಅದೇ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಎರಡೂ ಕಾಯ್ದೆಗಳ ಉದ್ದೇಶ ಒಂದೇ ಆಗಿತ್ತು. ನಡುವೆ ಬಂದದ್ದು ಮೊದಲೇ ಮಾಡಬೇಕಾಗಿದ್ದ ಲೆಕ್ಕದ ಕೆಲಸ. ಆದರೆ ಆ ಎರಡು ವರ್ಷಗಳಲ್ಲಿ ಹಿಂಬಡ್ತಿಯ ಭಯದಲ್ಲಿ ಬದುಕಿದ ನೌಕರರನ್ನು ನಾನು ನಮ್ಮ ತಾಲ್ಲೂಕಿನಲ್ಲೇ ಬಲ್ಲೆ.

ಸಮತಳ ಮೀಸಲಾತಿಯ ಲೆಕ್ಕದ ಬಗ್ಗೆ ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ಅಭ್ಯರ್ಥಿಗಳು ನನ್ನನ್ನು ಹೆಚ್ಚಾಗಿ ಕೇಳುವುದು ಇದನ್ನೇ. 2007ರ ರಾಜೇಶ್ ಕುಮಾರ್ ದಾರಿಯಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ಉದಾಹರಣೆ ಕೊಟ್ಟಿದೆ. ಪರಿಶಿಷ್ಟ ಜಾತಿಗೆ 19 ಹುದ್ದೆಗಳಿವೆ, ಅದರಲ್ಲಿ 4 ಮಹಿಳೆಯರಿಗೆ ಎಂದುಕೊಳ್ಳೋಣ. ಮೊದಲು ಆ ಜಾತಿಯ ಅರ್ಹತಾ ಪಟ್ಟಿಯಿಂದ ಮೊದಲ 19 ಹೆಸರನ್ನು ತೆಗೆಯಬೇಕು. ಅದರಲ್ಲಿ ಆಗಲೇ 4 ಮಹಿಳೆಯರಿದ್ದರೆ ಮಹಿಳಾ ಕೋಟಾ ತುಂಬಿತು, ಇನ್ನು ಏನನ್ನೂ ಮುಟ್ಟಬೇಕಾಗಿಲ್ಲ. ಇಬ್ಬರೇ ಇದ್ದರೆ ಪಟ್ಟಿಯಲ್ಲಿ ಕೆಳಗಿರುವ ಮುಂದಿನ ಇಬ್ಬರು ಮಹಿಳೆಯರನ್ನು ಸೇರಿಸಿ, 19ರ ತುದಿಯಲ್ಲಿರುವ ಇಬ್ಬರನ್ನು ಬಿಡಬೇಕು. ಕೇಳಲು ಇಷ್ಟು ಸರಳ. ಆದರೆ ಮಹಿಳೆಯರ ಪಟ್ಟಿಯನ್ನು ಮೊದಲೇ ಬೇರೆ ಮಾಡಿ, ಅವರನ್ನು ಆ ನಾಲ್ಕು ಹುದ್ದೆಗಳಿಗೆ ಮಾತ್ರ ಕಟ್ಟಿಹಾಕುವ ತಪ್ಪು ದೇಶದ ಎಷ್ಟೋ ನೇಮಕಾತಿಗಳಲ್ಲಿ ನಡೆದಿದೆ. ಉತ್ತರ ಪ್ರದೇಶದ ಕಾನ್‌ಸ್ಟೆಬಲ್ ನೇಮಕಾತಿಯಲ್ಲಿ ಹಿಂದುಳಿದ ವರ್ಗದ ಮಹಿಳೆಯೊಬ್ಬರಿಗೆ 276.5949 ಅಂಕ ಬಂದಿತ್ತು, ಸಾಮಾನ್ಯ ಮಹಿಳೆಯರ ಪಟ್ಟಿಯಲ್ಲಿ ಕೊನೆಗೆ ಆಯ್ಕೆಯಾದವರ ಅಂಕ 274.8298. ಹೆಚ್ಚು ಅಂಕ ಬಂದವರು ಮನೆಗೆ, ಕಡಿಮೆ ಬಂದವರು ಕೆಲಸಕ್ಕೆ. ಸಾಮಾನ್ಯ ವರ್ಗದ ಸ್ಥಾನಗಳು ಯಾವ ಜಾತಿಯ ಸೊತ್ತೂ ಅಲ್ಲ, ಅರ್ಹತೆಯಿದ್ದ ಎಲ್ಲರಿಗೂ ಅವು ತೆರೆದಿವೆ, ಮಹಿಳೆಯರಿಗಿಟ್ಟ ಸಾಮಾನ್ಯ ಸ್ಥಾನಗಳಿಗೂ ಇದೇ ಮಾತು ಎಂದು 2020ರ ಡಿಸೆಂಬರ್ 18ರ ಸೌರವ್ ಯಾದವ್ ತೀರ್ಪು ಖಚಿತಪಡಿಸಿತು. ಸಾಮಾನ್ಯ ಅರ್ಹತೆ ಎಂದರೆ ಮುಂದುವರಿದವರ ಕೋಟಾ ಎಂದು ನಮ್ಮ ಶಿಕ್ಷಕರ ಕೊಠಡಿಯಲ್ಲೇ ಮಾತಾಡುವವರಿದ್ದಾರೆ. ಅವರಿಗೆ ನಾನು ಈ ಎರಡು ಅಂಕಗಳನ್ನು ಬರೆದು ತೋರಿಸುತ್ತೇನೆ.

ಕಲ್ಯಾಣ ಕರ್ನಾಟಕದ ಅಭ್ಯರ್ಥಿಗಳಿಗೆ ಇದರ ಮೇಲೆ ಇನ್ನೊಂದು ಪದರವಿದೆ. ಸಂವಿಧಾನದ 371ಜೆ ವಿಧಿಯಡಿ ಅಲ್ಲಿಯ ಸ್ಥಳೀಯರಿಗೆ ಎ ಮತ್ತು ಬಿ ಗುಂಪಿನಲ್ಲಿ ಶೇಕಡಾ 75, ಸಿ ಗುಂಪಿನಲ್ಲಿ 80, ಡಿ ಗುಂಪಿನಲ್ಲಿ 85 ಹುದ್ದೆಗಳು ಮೀಸಲು. ಅವರಲ್ಲಿ ಹೆಚ್ಚು ಅಂಕ ಪಡೆದವರನ್ನು ಮೊದಲು ರಾಜ್ಯದ ಉಳಿದ ವೃಂದದಲ್ಲಿ (ಹುದ್ದೆಗಳ ಗುಂಪಿನಲ್ಲಿ) ಲೆಕ್ಕಹಾಕಬೇಕೋ, ಸ್ಥಳೀಯ ವೃಂದದಲ್ಲೋ ಎಂಬ ತಕರಾರು ವರ್ಷಗಳಿಂದ ಕುದಿಯುತ್ತಿದೆ. ಗದಗಿನಿಂದ ಕೊಪ್ಪಳದ ಗಡಿ ದೂರವಿಲ್ಲ. ಗಡಿಯ ಈಚೆಗಿನ ಹುಡುಗರೂ ಆಚೆಗಿನ ಹುಡುಗರೂ ಸಪ್ತಾಪುರದ ಒಂದೇ ಮೇಜಿನಲ್ಲಿ ಓದುತ್ತಾರೆ, ಆದ್ದರಿಂದ ಈ ತಕರಾರಿನ ಎರಡೂ ಬದಿ ಅಲ್ಲಿ ಪ್ರತಿದಿನವೂ ಕೇಳಿಸುತ್ತದೆ.

ಒಳಮೀಸಲಾತಿಯ ವಿಷಯದಲ್ಲಿ ಆದದ್ದು ಇನ್ನೂ ದೊಡ್ಡ ಕಾಯುವಿಕೆ. ಪರಿಶಿಷ್ಟ ಜಾತಿಗಳನ್ನು ಒಳವರ್ಗ ಮಾಡುವಂತಿಲ್ಲ ಎಂದಿದ್ದ 2004ರ ಚಿನ್ನಯ್ಯ ತೀರ್ಪನ್ನು 2024ರ ಆಗಸ್ಟ್ 1ರಂದು ಏಳು ನ್ಯಾಯಮೂರ್ತಿಗಳ ಪೀಠ ಆರು-ಒಂದರ ಬಹುಮತದಿಂದ ಬದಿಗೆ ಸರಿಸಿತು. ಅದೇ ವರ್ಷದ ಅಕ್ಟೋಬರ್ 28ರಂದು ರಾಜ್ಯ ಸಚಿವ ಸಂಪುಟ ಆಯೋಗವೊಂದನ್ನು ರಚಿಸಲು ತೀರ್ಮಾನಿಸಿ, ವರದಿ ಬರುವವರೆಗೆ ಹೊಸ ನೇಮಕಾತಿ ಅಧಿಸೂಚನೆ ಹೊರಡಿಸುವುದಿಲ್ಲ ಎಂದಿತು. ನಿವೃತ್ತ ನ್ಯಾಯಮೂರ್ತಿ ಎಚ್.ಎನ್. ನಾಗಮೋಹನ ದಾಸ್ ಅವರ ಆಯೋಗ 2025ರ ಆಗಸ್ಟ್ 4ರಂದು ವರದಿ ಕೊಟ್ಟಿತು. ಐದು ಗುಂಪುಗಳನ್ನು ಅದು ಸೂಚಿಸಿತ್ತು, ಸಂಪುಟ ಅದನ್ನು ಮೂರಕ್ಕೆ ಇಳಿಸಿ 17ರ ಪಾಲನ್ನು 6, 6, 5 ಎಂದು ಹಂಚಿತು. ಆಯೋಗ ಪ್ರತ್ಯೇಕವಾಗಿ ಶೇಕಡಾ 1 ಕೊಡಲು ಹೇಳಿದ್ದ ಅಲೆಮಾರಿ ಸಮುದಾಯಗಳು ತಮ್ಮನ್ನು ಬಲಾಢ್ಯರ ಜೊತೆ ಸೇರಿಸಿದ್ದಾರೆಂದು ಬೀದಿಗಿಳಿದವು. ಅವರ ಅಳಲು ನ್ಯಾಯವಾದದ್ದೆಂದು ನಾನು ನಂಬುತ್ತೇನೆ. ಒಳಮೀಸಲಾತಿ ಬರಲೇಬೇಕಿತ್ತು, ಮೂರು ದಶಕದ ಹೋರಾಟ ಅದರ ಹಿಂದಿದೆ. ಆದರೆ ಅದಕ್ಕಾಗಿ ಇಡೀ ನೇಮಕಾತಿಯನ್ನೇ ನಿಲ್ಲಿಸಿದ ತಿಂಗಳುಗಳಲ್ಲಿ ವಯಸ್ಸಿನ ಗಡಿಯನ್ನು ಮೊದಲು ಮುಟ್ಟಿದವರು ಪಟ್ಟಣದ ಅನುಕೂಲಸ್ಥರಲ್ಲ. ತಡವಾಗಿ ಶಾಲೆಗೆ ಸೇರಿ, ನಡುವೆ ದುಡಿಯಲು ಹೋಗಿ, ಮತ್ತೆ ಓದಲು ಬಂದವರು.

ತಂಗಿಯ ಪ್ರಕರಣದಿಂದ ಕಲಿತು ಈಗ ನನ್ನಲ್ಲಿಗೆ ಬರುವ ಹೆಣ್ಣುಮಕ್ಕಳಿಗೆ ನಾನು ಅಪ್ಪನದೂ ಗಂಡನದೂ ಎರಡೂ ಮಾಡಿಸಿಟ್ಟುಕೊಳ್ಳಿರಿ ಎನ್ನುತ್ತೇನೆ. ಎರಡೂ ಅರ್ಜಿಯ ಕೊನೆಯ ದಿನಾಂಕಕ್ಕಿಂತ ಮುಂಚಿನವು ಆಗಿರಬೇಕು, ಕೇಳಿದ ನಮೂನೆಯಲ್ಲೇ ಇರಬೇಕು, ಆರ್‌ಡಿ ನಂಬರನ್ನು ಒಂದು ಚೀಟಿಯಲ್ಲಿ ಬರೆದಿಟ್ಟಿರಬೇಕು. ಹಿಂದುಳಿದ ವರ್ಗದ ಆದಾಯ ಪ್ರಮಾಣಪತ್ರಕ್ಕೆ ಐದು ವರ್ಷದ ಅವಧಿ ಎಂಬುದು ನೆನಪಿರಲಿ. ಆಯ್ಕೆ ಪಟ್ಟಿ ಬಂದ ದಿನ ನಿಮ್ಮ ಹೆಸರಿನ ಮುಂದೆ ಯಾವ ಪ್ರವರ್ಗ ಇದೆಯೆಂದು ನೋಡಿ, ಬದಲಾಗಿದ್ದರೆ ಆಕ್ಷೇಪಣೆಯ ಅವಧಿಯೊಳಗೇ ಬರವಣಿಗೆಯಲ್ಲಿ ಕೊಟ್ಟು ಸ್ವೀಕೃತಿ ಪಡೆಯಿರಿ, ಮುಂದೆ ಹೋಗಬೇಕಾಗಿ ಬಂದರೆ ಮೊದಲು ನ್ಯಾಯಮಂಡಳಿಗೇ ಹೋಗಿರಿ. ಇದೆಲ್ಲ ಅಭ್ಯರ್ಥಿ ಮಾಡಬಹುದಾದ ಎಚ್ಚರಿಕೆ. ನೇಮಕಾತಿ ಮಾಡುವವರು ಮಾಡಬಹುದಾದದ್ದು ಇದಕ್ಕಿಂತ ಎಷ್ಟೋ ಸುಲಭ. ವಿವಾಹಿತ ಮಹಿಳೆ ಯಾರ ಆದಾಯದ ಪ್ರಮಾಣಪತ್ರ ಕೊಡಬೇಕು ಎಂದು ಅಧಿಸೂಚನೆಯಲ್ಲಿ ಒಂದು ವಾಕ್ಯ ಬರೆಯಬಹುದು. ಅರ್ಜಿಯ ತಂತ್ರಾಂಶದಲ್ಲಿಯೇ ತಪ್ಪು ಪ್ರಮಾಣಪತ್ರವನ್ನು ತಿರಸ್ಕರಿಸಿ, ಸರಿಯಾದದ್ದು ತನ್ನಿ ಎಂದು ಹೇಳಬಹುದು. ಪ್ರವರ್ಗ ಬದಲಾದವರ ಹೆಸರಿನ ಮುಂದೆ ಕಾರಣವನ್ನು ಪ್ರಕಟಿಸಬಹುದು. ಇಷ್ಟು ಮಾಡಿದ್ದರೆ ನನ್ನ ತಂಗಿ ಅರ್ಜಿಯ ಅವಧಿಯಲ್ಲೇ ನಾಡಕಚೇರಿಗೆ ಓಡಿ ಗಂಡನ ಆದಾಯದ ಪತ್ರ ತರುತ್ತಿದ್ದಳು, ನನ್ನ ವಿದ್ಯಾರ್ಥಿಗೆ ಮೊದಲ ದಿನವೇ ತನ್ನ ನಿಜವಾದ ಸ್ಥಾನ ಗೊತ್ತಾಗುತ್ತಿತ್ತು.

2022ರಲ್ಲಿ ಮಾಡಿಸಿದ ಆ ಪ್ರಮಾಣಪತ್ರದ ಅವಧಿ 2027ಕ್ಕೆ ಮುಗಿಯುತ್ತದೆ. ಹೊಸ ಅಧಿಸೂಚನೆ ಬಂದರೆ ತೊಡಕಾಗಬಾರದೆಂದು ತಂಗಿ ಈಗಲೇ ನವೀಕರಿಸಲು ಹೋಗಿದ್ದಳು. ಕೌಂಟರಿನಲ್ಲಿ ಕೂತಿದ್ದ ಹುಡುಗಿ ಅರ್ಜಿ ನೋಡಿ, "ಯಾರ ಹೆಸರಲೇ ಮಾಡೂಣ್ರೀ ಅಕ್ಕಾರ, ಅಪ್ಪಂದೋ, ಯಜಮಾನರದೋ?" ಎಂದು ಕೇಳಿದಳಂತೆ. ತಂಗಿ ಎರಡಕ್ಕೂ ಶುಲ್ಕ ಕಟ್ಟಿ, ಎರಡು ರಸೀದಿಗಳನ್ನೂ ನೀಲಿ ಫೈಲಿಗೆ ಸೇರಿಸಿಕೊಂಡು ಬಂದಿದ್ದಾಳೆ. ನ್ಯಾಯಮಂಡಳಿಯಲ್ಲಿ ಅವಳ ಅರ್ಜಿ ಇನ್ನೂ ವಿಚಾರಣೆಯಲ್ಲಿದೆ.